ಕಾರಾಪುರದ ಸಾಬು: ಸಿನಿಮಾ, ಟೀವಿ, ಯಾವ ಪ್ರತಿ ನೋಡಬೇಕು?

ಬೆಳ್ಳಿತೆರೆ_ಮೈಸೂರು
ಮೈಸೂರಿನಲ್ಲಿ ಎರಡು ಸಂಜೆ ಸಾಬು ಚಿತ್ರಗಳ ಪ್ರದರ್ಶನ ಇಡುವ ಯೋಚನೆ ಇದೆ. ಬಂದವರ ಕೈಗೆ ಒಂದು ಪುಟದ ಟಿಪ್ಪಣಿ ಕೊಡಬೇಕು. ಈಗಿರುವ ಕರಡು ಹೀಗಿದೆ: "ಮೈಸೂರು ಅರಮನೆಯ ಮಾವುತ ಸಾಬು ದಸ್ತಗೀರ್ ಹಾಲಿವುಡ್‌ಗೆ ಹೋಗಿ ಎಲಿಫೆಂಟ್ ಬಾಯ್ ಚಿತ್ರದಲ್ಲಿ ನಟಿಸಿ ರಾತ್ರೋರಾತ್ರಿ ತಾರೆಯಾದರು. ಯುದ್ಧ ಮುಗಿದ ಮೇಲೆ ಅವಕಾಶ ಸಿಗದೆ ಮರೆಯಾದರು." ಇದರಲ್ಲಿ ತಪ್ಪು ಎಲ್ಲೆಲ್ಲಿದೆ, ಯಾವ ನಾಲ್ಕು ಚಿತ್ರ ಹಾಕಬೇಕು, ಟೀವಿಯಲ್ಲಿ ಏನು ಮಾಡಿದ್ದರು, ಯಾವ ಪ್ರತಿ ತರಿಸಬೇಕು, ತಿಳಿದವರು ಹೇಳಿ.

ಕಪಿಲೆ_ದಂಡೆ
ಮೊದಲ ವಾಕ್ಯದಲ್ಲೇ ಮೂರು ತಪ್ಪಿವೆ.

ಒಂದು, ಮಾವುತರಾಗಿದ್ದವರು ಸಾಬು ಅವರ ತಂದೆ. ಸಾಬು ಹುಟ್ಟಿದ್ದು 27 ಜನವರಿ 1924ರಂದು, ಹೆಗ್ಗಡದೇವನಕೋಟೆ ಕಡೆಯ ಕಾರಾಪುರದಲ್ಲಿ. ತಾಯಿ ಇನ್ನೂ ಎಳೆಗೂಸಾಗಿದ್ದಾಗಲೇ ತೀರಿಕೊಂಡರು, ತಂದೆಯೂ ಬಾಲ್ಯದಲ್ಲೇ ಹೋದರು. ಹುಡುಗ ಆನೆಲಾಯದ ಆಶ್ರಯದಲ್ಲಿ ಬೆಳೆದ. ಚಿತ್ರತಂಡದ ಕಣ್ಣಿಗೆ ಬಿದ್ದಾಗ ವಯಸ್ಸು ಹನ್ನೊಂದು. ಆನೆಗಳ ಒಡನಾಟ ಚೆನ್ನಾಗಿತ್ತು, ಆದರೆ 'ಅರಮನೆಯ ಮಾವುತ' ಅನ್ನುವುದು ಹುದ್ದೆ. ಹನ್ನೊಂದರ ಹುಡುಗನಿಗೆ ಆ ಹುದ್ದೆ ಕೊಡಬೇಡಿ.

ಎರಡು, ಹೆಸರು. ದಸ್ತಗೀರ್ ಅಣ್ಣನ ಹೆಸರು. ಶೇಕ್ ದಸ್ತಗೀರ್ ತಮ್ಮನ ಜೊತೆ ಇಂಗ್ಲೆಂಡಿಗೆ ಹೋದರು, ಕಾಗದಪತ್ರದಲ್ಲಿ ಅಣ್ಣನ ಹೆಸರೇ ತಮ್ಮನಿಗೂ ಅಂಟಿಕೊಂಡಿತು. ಸೇಲಾರ್ ಶೇಕ್ ಸಾಬು ಎಂಬುದು ಹೆಚ್ಚಿನವರು ಒಪ್ಪುವ ರೂಪ. ಪರದೆಯ ಮೇಲೆ ಮಾತ್ರ ಕೊನೆತನಕ ಬರೀ 'ಸಾಬು'. ಟಿಪ್ಪಣಿಯಲ್ಲೂ ಹಾಗೇ ಬರೆದುಬಿಡಿ, ತಕರಾರು ಇರುವುದಿಲ್ಲ. ಕೆಲವು ಕಡೆ 'ಸಾಬು ಫ್ರಾನ್ಸಿಸ್' ಅಂತಲೂ ಇದೆ, ಅದನ್ನು ಮುಟ್ಟಲೇಬೇಡಿ.

ಮೂರು, ಎಲಿಫೆಂಟ್ ಬಾಯ್ ಹಾಲಿವುಡ್ ಚಿತ್ರವೇ ಅಲ್ಲ. ಅಲೆಕ್ಸಾಂಡರ್ ಕೋರ್ಡಾ ಅವರ ಲಂಡನ್ ಫಿಲ್ಮ್ಸ್ ತೆಗೆದ ಬ್ರಿಟಿಷ್ ಚಿತ್ರ. ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ 1935ರಲ್ಲಿ ಮೈಸೂರಿಗೆ ಬಂದು ಬೀಡುಬಿಟ್ಟರು. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲ. ಆನೆ, ಕಾಡು, ಖೆಡ್ಡಾ (ಕಾಡಾನೆಗಳನ್ನು ಅಟ್ಟಿ ಹಿಡಿಯುವ ಆವರಣ) ಎಲ್ಲ ಸಂಸ್ಥಾನದ ಕೃಪೆಯಿಂದ ಸಿಕ್ಕಿದ್ದು. ಚಿತ್ರದ ಆನೆ ಕಾಲಾ ನಾಗ್ ಪಾತ್ರ ಮಾಡಿದ್ದು ಮೈಸೂರಿನ ಆನೆ ಐರಾವತ. ಕಿಪ್ಲಿಂಗ್ ಬರೆದ ತೂಮಾಯ್ ಕಥೆ ಮೂಲ. ಅದೇ ಹೊತ್ತಿಗೆ ನಮ್ಮ ಸತಿ ಸುಲೋಚನ ತೆರೆಕಂಡು ಒಂದು ವರ್ಷವಷ್ಟೇ ಆಗಿತ್ತು, ಅದರ ಚಿತ್ರೀಕರಣ ಆದದ್ದು ಕೊಲ್ಹಾಪುರದಲ್ಲಿ. ಕನ್ನಡದ ವಾಕ್ಚಿತ್ರ ಸ್ಟುಡಿಯೋ ಹುಡುಕಿಕೊಂಡು ಕೊಲ್ಹಾಪುರಕ್ಕೆ ಹೋಗಿದ್ದ ಕಾಲದಲ್ಲಿ ಲಂಡನ್ನಿನವರು ಕಾಡು ಹುಡುಕಿಕೊಂಡು ಮೈಸೂರಿಗೆ ಬಂದಿದ್ದರು. ಇದನ್ನು ಒಂದು ಸಾಲು ಸೇರಿಸಿದರೆ ನಮ್ಮ ಓದುಗರಿಗೆ ಕಾಲದ ಅಳತೆ ಸಿಗುತ್ತದೆ.

ಕಾರಾಪುರ ನೋಡಲು ಹೋಗುವವರಿಗೆ ಇನ್ನೊಂದು ಮಾತು: ಆ ಭಾಗದ ಹಳೆಯ ಖೆಡ್ಡಾ ನೆಲ ಕಬಿನಿ ಅಣೆಕಟ್ಟು ಬಂದ ಮೇಲೆ ಹಿನ್ನೀರಿನಲ್ಲಿ ಮುಳುಗಿದೆ. ಚಿತ್ರದಲ್ಲಿ ಕಾಣುವ ಜಾಗಗಳನ್ನು ಗುರುತಿಸುತ್ತೇವೆ ಅಂತ ಪ್ರವಾಸ ಏರ್ಪಡಿಸಬೇಡಿ.

ಮೂರುಪಟ್ಟಿ
ಖೆಡ್ಡಾ ವಿಷಯ ಸರಿ. ಆದರೆ ಎಲಿಫೆಂಟ್ ಬಾಯ್ ಪೂರ್ತಿ ಮೈಸೂರಿನಲ್ಲಿ ತೆಗೆದದ್ದು ಅಂತಲೂ ಬರೆಯಬೇಡಿ. ಫ್ಲಾಹರ್ಟಿ ರಾಶಿಗಟ್ಟಲೆ ರೀಲು ತೆಗೆದರೂ ಕಥೆ ಮುಂದೆ ಸಾಗಲಿಲ್ಲ. ಕೋರ್ಡಾ ಬೇರೆಯವರನ್ನು ಕಳಿಸಿ ನೋಡಿದರು, ಕೊನೆಗೆ ತಂಡವನ್ನು 1936ರಲ್ಲಿ ವಾಪಸು ಕರೆಸಿಕೊಂಡರು. ಸಾಬು ಮತ್ತು ಅಣ್ಣ ಇಂಗ್ಲೆಂಡಿಗೆ ಹೋದದ್ದು ಆಗಲೇ. ಉಳಿದ ಭಾಗವನ್ನು ಡೆನ್‌ಹ್ಯಾಂ ಸ್ಟುಡಿಯೋದಲ್ಲಿ ಅಲೆಕ್ಸಾಂಡರ್ ಅವರ ತಮ್ಮ ಜೋಲ್ಟಾನ್ ಕೋರ್ಡಾ ತೆಗೆದರು. 1937ರ ವೆನಿಸ್ ಉತ್ಸವದಲ್ಲಿ ನಿರ್ದೇಶನದ ಬಹುಮಾನ ಫ್ಲಾಹರ್ಟಿ, ಜೋಲ್ಟಾನ್ ಇಬ್ಬರ ಹೆಸರಿಗೂ ಬಂತು.

ನೋಡುವಾಗ ಬೇರ್ಪಡಿಸುವುದು ಸುಲಭ. ಸಾಬು ಜೊತೆ ಮೈಗೆ ಬಣ್ಣ ಬಳಿದುಕೊಂಡ ಇಂಗ್ಲಿಷ್ ನಟರು ಮಾತಾಡುತ್ತಿದ್ದರೆ ಅದು ಡೆನ್‌ಹ್ಯಾಂ. ತಂದೆಯ ಪಾತ್ರದ ಡಬ್ಲ್ಯೂ. ಇ. ಹಾಲೊವೇ, ಮಾಚುವಾ ಅಪ್ಪನಾಗಿರುವ ಆಲನ್ ಜೇಯ್ಸ್ ಇವರಿಬ್ಬರೂ ಇರುವ ಶಿಬಿರದ ಮಾತುಕತೆಗಳನ್ನು ಗಮನಿಸಿ. ನೆತ್ತಿಯ ಬಿಸಿಲು, ಹೊಳೆ, ಬೀದಿಯಲ್ಲಿ ಮಗುವನ್ನು ತುಳಿಯದೆ ಕಾಲೆತ್ತಿ ದಾಟುವ ಆನೆ, ಖೆಡ್ಡಾದೊಳಗೆ ನುಗ್ಗುವ ಹಿಂಡು, ಇವು ಮೈಸೂರು. ಆನೆಗಳ ನೃತ್ಯದಲ್ಲಿ ನೆಲಕ್ಕೆ ಬಡಿಯುವ ಪಾದಗಳ ಹತ್ತಿರದ ದೃಶ್ಯಗಳಿಗೆ ಕೃತಕ ಕಾಲುಗಳನ್ನು ಬಳಸಿದ್ದಾರೆ.

ನಟನೆಯ ದೃಷ್ಟಿಯಿಂದ ಈ ಎರಡು ಭಾಗಗಳ ನಡುವಿನ ವ್ಯತ್ಯಾಸವೇ ಮುಖ್ಯ. ಮೈಸೂರಿನ ಭಾಗದಲ್ಲಿ ಸಾಬು ಇರುತ್ತಾನೆ, ಅಷ್ಟೇ. ಡೆನ್‌ಹ್ಯಾಂ ಭಾಗದಲ್ಲಿ ಹೊಸದಾಗಿ ಕಲಿತ ಭಾಷೆಯಲ್ಲಿ ಸಂಭಾಷಣೆ ಹೇಳುತ್ತಾ, ಗುರುತು ಹಾಕಿದ ಜಾಗದಲ್ಲಿ ನಿಂತು, ಅಳಬೇಕಾದಲ್ಲಿ ಅಳುತ್ತಾನೆ. ಚಿತ್ರದ ಆರಂಭದಲ್ಲಿ ಕ್ಯಾಮೆರಾ ನೋಡಿಕೊಂಡು ನೇರವಾಗಿ ಪ್ರೇಕ್ಷಕರಿಗೆ ಕಥೆ ಪರಿಚಯ ಮಾಡುವ ತುಣುಕಿದೆ. ಅದನ್ನು ಒಮ್ಮೆ ನೋಡಿದರೆ 'ಆನೆಯ ಜೊತೆ ಸಿಕ್ಕ ಹುಡುಗ' ಎಂಬ ಮಾತು ನಿಲ್ಲುವುದಿಲ್ಲ. ಲೆನ್ಸ್ ಎದುರು ಅಷ್ಟು ನಿರಾಳವಾಗಿ ನಿಲ್ಲುವುದು ಎಷ್ಟೋ ವೃತ್ತಿನಟರಿಗೇ ಬರುವುದಿಲ್ಲ.

ಹಳೇ_ಟಾಕೀಸು
ಹಾಗಾದರೆ ಹಾಲಿವುಡ್‌ಗೆ ಹೋದದ್ದು ಯಾವಾಗ? 1938ರ ದಿ ಡ್ರಮ್ ಕೂಡ ಬ್ರಿಟಿಷ್ ಚಿತ್ರವೇ ಅಲ್ಲವೇ?

ಕಪಿಲೆ_ದಂಡೆ
ಹೌದು, ಅದೂ ಕೋರ್ಡಾ ಚಿತ್ರ. ಸಾಬು ಅದರಲ್ಲಿ ರಾಜಕುಮಾರ ಅಜೀಂ. ವಾಯವ್ಯ ಗಡಿಯ ಕಥೆ, ಸಾಮ್ರಾಜ್ಯವನ್ನು ಹೊಗಳುವ ಚಿತ್ರ. ಬೊಂಬಾಯಿ, ಮದರಾಸುಗಳಲ್ಲಿ ಪ್ರತಿಭಟನೆ ಎದ್ದು ಪ್ರದರ್ಶನ ನಿಂತಿತು. ಟಿಪ್ಪಣಿಯಲ್ಲಿ ಇದನ್ನು ಮುಚ್ಚಿಡಬಾರದು. ತನ್ನ ದೇಶದ ಪ್ರೇಕ್ಷಕರು ತನ್ನ ಎರಡನೇ ಚಿತ್ರವನ್ನೇ ತಿರಸ್ಕರಿಸಿದ್ದು ಹದಿನಾಲ್ಕರ ಹುಡುಗನ ತಪ್ಪಲ್ಲ, ಆದರೆ ಭಾರತದಲ್ಲಿ ಸಾಬು ಹೆಸರು ಬೇರೂರದೇ ಹೋದದ್ದಕ್ಕೆ ಒಂದು ಕಾರಣ ಇಲ್ಲಿದೆ.

ಅಮೆರಿಕಕ್ಕೆ ನೆಲೆ ಬದಲಾದದ್ದು ಯುದ್ಧದಿಂದ. ದಿ ಥೀಫ್ ಆಫ್ ಬಾಗ್ದಾದ್ ಡೆನ್‌ಹ್ಯಾಂನಲ್ಲಿ ಶುರುವಾಗಿತ್ತು. ಯುದ್ಧ ಬಂತು, ಕೋರ್ಡಾ ಉಳಿದ ಕೆಲಸವನ್ನು ಅಮೆರಿಕಕ್ಕೆ ಒಯ್ದರು. ಕೆಲವು ಹೊರಾಂಗಣ ದೃಶ್ಯ ಗ್ರ್ಯಾಂಡ್ ಕ್ಯಾನ್ಯನ್‌ನಲ್ಲಿ ಆಯಿತು. ಸಾಬು ಚಿತ್ರದ ಜೊತೆ ಹೋದವರು ಅಲ್ಲೇ ಉಳಿದರು. 'ಹಾಲಿವುಡ್ ಕರೆಯಿತು' ಅನ್ನುವುದಕ್ಕಿಂತ ಇದು ನಿಜಕ್ಕೆ ಹತ್ತಿರ.

ಮೂರುಪಟ್ಟಿ
ಈ ನಟನ ವೃತ್ತಿಯನ್ನು ವರ್ಷದ ಪ್ರಕಾರ ಓದುವ ಬದಲು ಯಾವ ಫಿಲಂನಲ್ಲಿ ತೆಗೆದರು, ಯಾವ ಕಂಪನಿ ತೆಗೆಯಿತು ಅಂತ ಓದಿ. ಚಿತ್ರ ಸ್ಪಷ್ಟವಾಗುತ್ತದೆ.

ಎಲಿಫೆಂಟ್ ಬಾಯ್ ಕಪ್ಪುಬಿಳುಪು. ಅದಾದ ಮೇಲೆ ದಿ ಡ್ರಮ್ (1938), ಥೀಫ್ ಆಫ್ ಬಾಗ್ದಾದ್ (1940), ಜಂಗಲ್ ಬುಕ್ (1942), ಅರೇಬಿಯನ್ ನೈಟ್ಸ್ (1942), ವೈಟ್ ಸ್ಯಾವೇಜ್ (1943), ಕೋಬ್ರಾ ವುಮನ್ (1944), ಸಾಲಾಗಿ ಆರೂ ಟೆಕ್ನಿಕಲರ್ ಬಣ್ಣದವು. ಆ ಕಾಲಕ್ಕೆ ಟೆಕ್ನಿಕಲರ್ ಅಂದರೆ ಕ್ಯಾಮೆರಾದೊಳಗೆ ಏಕಕಾಲಕ್ಕೆ ಮೂರು ಕಪ್ಪುಬಿಳುಪು ನೆಗೆಟಿವ್ ಓಡಬೇಕು, ಕ್ಯಾಮೆರಾ ಬಾಡಿಗೆಗೆ ತರಬೇಕು, ಸೆಟ್ಟಿಗೆ ವಿಪರೀತ ಬೆಳಕು ಸುರಿಯಬೇಕು. ಖರ್ಚು ಮಾಡಲು ನಿರ್ಮಾಪಕರಿಗೆ ಧೈರ್ಯವಿದ್ದರೆ ಮಾತ್ರ ಆಗುವ ಕೆಲಸ. ಯೂನಿವರ್ಸಲ್ ಕಂಪನಿಯ ಮೊಟ್ಟಮೊದಲ ಮೂರುಪಟ್ಟಿ ಟೆಕ್ನಿಕಲರ್ ಚಿತ್ರ ಅರೇಬಿಯನ್ ನೈಟ್ಸ್. ಅಂಥ ಚಿತ್ರಕ್ಕೆ ಸಾಬು ಬೇಕಾಗಿದ್ದರು.

ಯುದ್ಧದಿಂದ ಮರಳಿದ ಮೇಲೆ ಟ್ಯಾಂಜಿಯರ್ (1946) ಕಪ್ಪುಬಿಳುಪು. ನಡುವೆ ಬ್ಲ್ಯಾಕ್ ನಾರ್ಸಿಸಸ್ (1947) ಬಣ್ಣ, ಅದು ಮತ್ತೆ ಬ್ರಿಟನ್ನಿನದು. ಅದೇ ವರ್ಷದ ದಿ ಎಂಡ್ ಆಫ್ ದ ರಿವರ್, 1948ರ ಮ್ಯಾನ್-ಈಟರ್ ಆಫ್ ಕುಮಾಂವ್, 1949ರ ಸಾಂಗ್ ಆಫ್ ಇಂಡಿಯಾ, 1951ರ ಸ್ಯಾವೇಜ್ ಡ್ರಮ್ಸ್, 1956ರ ಜಾಗ್ವಾರ್ ಎಲ್ಲ ಕಪ್ಪುಬಿಳುಪು. ಸ್ಯಾವೇಜ್ ಡ್ರಮ್ಸ್ ಹೊತ್ತಿಗೆ ಲಿಪರ್ಟ್‌ನಂಥ ಸಣ್ಣ ಬಜೆಟ್ ಕಂಪನಿ. ಪಾತ್ರ ಅದೇ, ಕಾಡು ಅದೇ, ಖರ್ಚು ಮಾತ್ರ ಕುಗ್ಗಿತು. ನಟನ ಕೈ ಸೋತಿತು ಅಂತ ಬರೆಯುವ ಮೊದಲು ಇದನ್ನು ನೋಡಬೇಕು.

ರೀಲುಪೆಟ್ಟಿಗೆ
ಯೂನಿವರ್ಸಲ್‌ನ ಮೂರು ಚಿತ್ರಗಳ (ಅರೇಬಿಯನ್ ನೈಟ್ಸ್, ವೈಟ್ ಸ್ಯಾವೇಜ್, ಕೋಬ್ರಾ ವುಮನ್) ಬಗ್ಗೆ ಒಂದು ಮಾತು. ಜಾನ್ ಹಾಲ್, ಮರಿಯಾ ಮಾಂಟೆಝ್, ಸಾಬು, ಮೂರರಲ್ಲೂ ಇದೇ ಮೂವರು. ಮೂರರಲ್ಲೂ ನಾಯಕಿಯ ಕೈಹಿಡಿಯುವುದು ಜಾನ್ ಹಾಲ್. ಸಾಬು ಸಂದೇಶ ಒಯ್ಯುವ, ಗೋಡೆ ಹತ್ತುವ, ಪ್ರಾಣ ಉಳಿಸುವ ಗೆಳೆಯ. ಕೋಬ್ರಾ ವುಮನ್ ಹೊತ್ತಿಗೆ ಅವರಿಗೆ ಇಪ್ಪತ್ತು ವರ್ಷ, ಜೊತೆಗೆ ಕೊಟ್ಟದ್ದು ಒಂದು ಚಿಂಪಾಂಜಿ. ಬೆಳೆದ ಗಂಡಸಿಗೆ ಪ್ರೇಮದ ಪಾತ್ರ ಕೊಡಲು ಆ ವ್ಯವಸ್ಥೆಗೆ ಮನಸ್ಸಿರಲಿಲ್ಲ. ಹುಡುಗನಾಗಿದ್ದಾಗ ಅದು ಕಾಣುತ್ತಿರಲಿಲ್ಲ, ದೊಡ್ಡವರಾದ ಮೇಲೆ ಎದ್ದು ಕಂಡಿತು. ಅವರ ವೃತ್ತಿ ಕುಸಿದದ್ದಕ್ಕೆ ನಿಜವಾದ ಕಾರಣ ಇದು ಅಂತ ನನ್ನ ದೃಢವಾದ ಅಭಿಪ್ರಾಯ.

ಸಾಬು ಅಮೆರಿಕದ ಸೇನೆಗೆ ಹೋದಾಗ ಏನಾಯಿತು ನೋಡಿ: 1944ರ ಅಲಿ ಬಾಬಾ ಚಿತ್ರದಲ್ಲಿ ಆ ಗೆಳೆಯನ ಜಾಗಕ್ಕೆ ತುರ್ಹಾನ್ ಬೇ ಬಂದರು. ಒಬ್ಬರು ಎದ್ದರೆ ಇನ್ನೊಬ್ಬರನ್ನು ಕೂರಿಸುವ ಕುರ್ಚಿ ಅದು.

ಹಳೇ_ಟಾಕೀಸು
ಸೇನೆಯಲ್ಲಿ ಪ್ರಚಾರ ವಿಭಾಗದಲ್ಲಿದ್ದರೇ?

ಕಪಿಲೆ_ದಂಡೆ
ಅಲ್ಲ, ನೇರ ಯುದ್ಧವಿಮಾನದಲ್ಲಿ. 1944ರಲ್ಲಿ ಅಮೆರಿಕದ ಪೌರತ್ವ ಬಂತು. ಪೆಸಿಫಿಕ್ ರಂಗದಲ್ಲಿ 307ನೇ ಬಾಂಬರ್ ಪಡೆಯ ಬಿ-24 ಲಿಬರೇಟರ್ ವಿಮಾನಗಳಲ್ಲಿ ಗನ್ನರ್ ಆಗಿ ಹಲವು ಡಜನ್ ಕಾರ್ಯಾಚರಣೆ ಮಾಡಿ ಡಿಸ್ಟಿಂಗ್ವಿಶ್ಡ್ ಫ್ಲೈಯಿಂಗ್ ಕ್ರಾಸ್ ಪಡೆದರು. ವಿಮಾನದ ಹೊಟ್ಟೆಯಡಿಯ ಗೋಳದಲ್ಲಿ ಮುದುಡಿ ಕೂತು ಬಂದೂಕು ಹಿಡಿಯುವ ಜಾಗಕ್ಕೆ ಸಣ್ಣ ಮೈಕಟ್ಟಿನವರೇ ಬೇಕು. ತಾರೆಯರಿಗೆ ಕೊಡುವ ಸುಖದ ಕೆಲಸ ಅದಲ್ಲ.

ಈಗ ಕರಡಿನ ಎರಡನೇ ವಾಕ್ಯ. "ಯುದ್ಧ ಮುಗಿದ ಮೇಲೆ ಅವಕಾಶ ಸಿಗದೆ ಮರೆಯಾದರು" ಅಂತ ಬರೆದಿದ್ದೀರಿ. ಬ್ಲ್ಯಾಕ್ ನಾರ್ಸಿಸಸ್ ಯುದ್ಧ ಮುಗಿದ ಮೇಲಿನ ಚಿತ್ರ. ಅವರ ಚಿತ್ರಗಳಲ್ಲೇ ಇಂದು ಅತಿ ಹೆಚ್ಚು ಗೌರವ ಪಡೆಯುವುದೂ ಅದೇ.

ಮೂರುಪಟ್ಟಿ
ಆ ಚಿತ್ರವನ್ನು ಖಂಡಿತ ಹಾಕಿ. ನಿರ್ದೇಶಕರು ಪವೆಲ್ ಮತ್ತು ಪ್ರೆಸ್‌ಬರ್ಗರ್. ಹಿಮಾಲಯ ಅಂತ ಕಾಣುವುದೆಲ್ಲ ಪೈನ್‌ವುಡ್ ಸ್ಟುಡಿಯೋ, ಗಾಜಿನ ಮೇಲೆ ಬರೆದ ಚಿತ್ರ ಮತ್ತು ಸಸೆಕ್ಸ್‌ನ ಒಂದು ತೋಟ. ಜ್ಯಾಕ್ ಕಾರ್ಡಿಫ್‌ಗೆ ಛಾಯಾಗ್ರಹಣದ ಆಸ್ಕರ್ ಬಂತು.

ಸಾಬು ಅದರಲ್ಲಿ ಯುವ ಜನರಲ್. ಸನ್ಯಾಸಿನಿಯರ ಮಕ್ಕಳ ಶಾಲೆಗೆ ಜರತಾರಿ ಅಂಗಿ, ಒಡವೆ ತೊಟ್ಟು ಪಾಠ ಕಲಿಯಲು ಬರುವವನು. ತರಗತಿಯಲ್ಲಿ ಕರವಸ್ತ್ರದ ಸುಗಂಧ ಮೂಗಿಗೆ ಬಡಿಯುವ ದೃಶ್ಯವನ್ನು ನಿಧಾನವಾಗಿ ನೋಡಿ. ಅತ್ತರಿನ ಹೆಸರೇ ಬ್ಲ್ಯಾಕ್ ನಾರ್ಸಿಸಸ್, ಲಂಡನ್ನಿನ ಆರ್ಮಿ ಆಂಡ್ ನೇವಿ ಅಂಗಡಿಯಿಂದ ತರಿಸಿದ್ದು ಅಂತ ಹೇಳುವಾಗ ಸಾಬು ಮುಖದಲ್ಲಿ ಹೆಮ್ಮೆ ಇದೆ, ಜಂಬ ಇಲ್ಲ. ಆ ಎರಡನ್ನೂ ಬೇರೆಯಾಗಿ ತೋರಿಸುವುದು ಕಷ್ಟ. ಕಾಂಚಿ ಎಂಬ ಹುಡುಗಿಯಾಗಿ ಮೈಗೆ ಬಣ್ಣ ಹಚ್ಚಿದ ಜೀನ್ ಸಿಮನ್ಸ್ ಎದುರಿಗಿದ್ದಾರೆ, ಒಂದು ಮಾತೂ ಇಲ್ಲದೆ. ಕೊನೆಗೆ ಬಂದು ಕ್ಷಮೆ ಕೇಳಿ, ಓದುವುದು ಬಿಟ್ಟು ಹಿರಿಯರ ದಾರಿ ಹಿಡಿಯುತ್ತೇನೆ ಅನ್ನುವ ದೃಶ್ಯದಲ್ಲಿ ಧ್ವನಿ ತಗ್ಗಿದೆ. ಇಷ್ಟು ಚಿಕ್ಕ ಪಾತ್ರವನ್ನು ಇಷ್ಟು ನೆನಪಿನಲ್ಲಿ ಉಳಿಸಿದ ನಟ 'ಮರೆಯಾದರು' ಅಂದರೆ ಒಪ್ಪಲಾಗದು.

ಥೀಫ್ ಆಫ್ ಬಾಗ್ದಾದ್‌ನಲ್ಲಿ ಬೇರೆ ಬಗೆಯ ಕೌಶಲ ಇದೆ. ಸಮುದ್ರತೀರದಲ್ಲಿ ಸೀಸೆ ತೆರೆದಾಗ ಆಕಾಶದೆತ್ತರದ ಜಿನ್ ಏಳುತ್ತದೆ, ರೆಕ್ಸ್ ಇಂಗ್ರಾಂ ಮಾಡಿದ ಪಾತ್ರ. ಇಷ್ಟು ದೊಡ್ಡವನು ಇಷ್ಟು ಚಿಕ್ಕ ಸೀಸೆಯಲ್ಲಿದ್ದೆ ಅಂದರೆ ನಂಬುವುದಿಲ್ಲ ಅಂತ ಹುಡುಗ ಸವಾಲು ಹಾಕಿ ಅವನನ್ನು ಮತ್ತೆ ಒಳಗೆ ಇಳಿಸುತ್ತಾನೆ. ಚಿತ್ರದ ಇಂಥ ದೃಶ್ಯಗಳಲ್ಲಿ ಇಬ್ಬರನ್ನೂ ಬೇರೆ ಬೇರೆ ತೆಗೆದು, ಲಾರೆನ್ಸ್ ಬಟ್ಲರ್ ನೀಲಿ ಹಿನ್ನೆಲೆಯ ತಂತ್ರದಿಂದ ಕೂಡಿಸಿದ್ದಾರೆ. ಅಂದರೆ ಸಾಬು ಬರಿಯ ಗಾಳಿಗೆ ತಲೆಯೆತ್ತಿ ಜಗಳವಾಡಬೇಕು. ಕಣ್ಣಿನ ನೋಟ ಒಂದೇ ಎತ್ತರದಲ್ಲಿ ನಿಲ್ಲದಿದ್ದರೆ ಇಡೀ ದೃಶ್ಯ ಕೆಡುತ್ತದೆ. ಕೂದಲಿನ ಅಂಚಿನಲ್ಲಿ ನೀಲಿ ಗೆರೆ ಕಂಡರೆ ಅದು ತಂತ್ರದ ಕುಂದು, ನೋಟ ಮಾತ್ರ ಎಲ್ಲೂ ತಪ್ಪಿಲ್ಲ. ಛಾಯಾಗ್ರಹಣ, ಕಲೆ, ವಿಶೇಷ ಪರಿಣಾಮ, ಮೂರು ಆಸ್ಕರ್ ಬಂದ ಚಿತ್ರ.

ಬೆಳ್ಳಿತೆರೆ_ಮೈಸೂರು
ತುಂಬ ಉಪಕಾರವಾಯಿತು. ಟೀವಿ ಬಗ್ಗೆ? ಮದರ್ ಇಂಡಿಯಾದಲ್ಲಿ ನಟಿಸಬೇಕಿತ್ತು ಅನ್ನುತ್ತಾರಲ್ಲ, ಅದು ನಿಜವೇ?

ರೀಲುಪೆಟ್ಟಿಗೆ
ಮದರ್ ಇಂಡಿಯಾ ವಿಷಯ ನಿಜ. ಮೆಹಬೂಬ್ ಖಾನ್ ಬಿರ್ಜು ಪಾತ್ರಕ್ಕೆ ಮೊದಲು ಯೋಚಿಸಿದ್ದು ಸಾಬು ಅವರನ್ನೇ. ಬೊಂಬಾಯಿಗೂ ಬಂದಿದ್ದರು. ಕೆಲಸದ ಪರವಾನಗಿ ಸಿಗದೆ ಎಳೆದಾಡಿ ಕೈಬಿಟ್ಟಿತು, ಪಾತ್ರ ಸುನಿಲ್ ದತ್ ಪಾಲಾಯಿತು. ಮೈಸೂರು ಸೀಮೆಯಲ್ಲಿ ಹುಟ್ಟಿದವರು ಅಮೆರಿಕದ ಪೌರರಾದ ಮೇಲೆ ಭಾರತದಲ್ಲಿ ದುಡಿಯಲು ಪರವಾನಗಿ ಬೇಕಾಯಿತು. ಕೊನೆಗೂ ಅವರು ಒಂದೂ ಭಾರತೀಯ ಚಿತ್ರದಲ್ಲಿ ನಟಿಸಲಿಲ್ಲ.

ಟೀವಿಯ ಕಥೆ ಅಷ್ಟೇ ಬೇಸರದ್ದು. 1957ರ ಸಾಬು ಆಂಡ್ ದ ಮ್ಯಾಜಿಕ್ ರಿಂಗ್ ಅಂತ ಪಟ್ಟಿಯಲ್ಲಿ ಇರುವುದು ಮೂಲದಲ್ಲಿ ಸಿನಿಮಾ ಅಲ್ಲ. ಟೀವಿ ಸರಣಿಗೆಂದು ತೆಗೆದ ಕಂತುಗಳು. ಸರಣಿ ಮಾರಾಟವಾಗದಿದ್ದಾಗ ಜೋಡಿಸಿ ಅಲೈಡ್ ಆರ್ಟಿಸ್ಟ್ಸ್ ಮೂಲಕ ಚಿತ್ರಮಂದಿರಕ್ಕೆ ಬಿಟ್ಟರು. ಒಂದು ಗಂಟೆ ಚಿಲ್ಲರೆ ಉದ್ದ. ಮಧ್ಯದಲ್ಲಿ ಕಥೆ ಮುಗಿದು ಇನ್ನೊಂದು ಶುರುವಾದಂತೆ ಅನಿಸುವುದು ಅದಕ್ಕೇ. 1956ರ ಜಂಗಲ್ ಹೆಲ್ ಕೂಡ ಅದೇ ಬಗೆಯದು. ಹಳೆಯ ಕಾಡುಪ್ರಾಣಿಗಳ ತುಣುಕುಗಳನ್ನು ನಡುನಡುವೆ ತುರುಕಿದ್ದಾರೆ, ಸಾಬು ನಿಂತ ಜಾಗದ ಬೆಳಕಿಗೂ ಪ್ರಾಣಿ ಇರುವ ಜಾಗದ ಬೆಳಕಿಗೂ ಹೊಂದುವುದೇ ಇಲ್ಲ. ಟಿಪ್ಪಣಿಯಲ್ಲಿ 'ಸ್ವಂತ ಹೆಸರಿನ ಟೀವಿ ಸರಣಿ ಇತ್ತು' ಅಂತ ಬರೆಯಬೇಡಿ. ಪ್ರಸಾರವಾಗದ ಸರಣಿ ಅದು.

ಐವತ್ತರ ದಶಕದ ಉಳಿದ ಕೆಲಸ: ಇಟಲಿಯಲ್ಲಿ ವಿತ್ತೋರಿಯೊ ದೆ ಸೀಕಾ ಜೊತೆ ಹಲೋ ಎಲಿಫೆಂಟ್ (1952), ಮತ್ತೊಂದು ಇಟಾಲಿಯನ್ ಸಾಹಸಚಿತ್ರ, ಲಂಡನ್ನಿನ ಹ್ಯಾರಿಂಗೇ ಸರ್ಕಸ್ಸಿನಲ್ಲಿ ಆನೆಗಳ ಪ್ರದರ್ಶನ.

ಕೊನೆಗೆ ಎರಡು ಒಳ್ಳೆಯ ಬಜೆಟ್ಟಿನ ಚಿತ್ರ ಬಂದವು. ರಾಬರ್ಟ್ ಮಿಚಮ್ ಜೊತೆ ರ‍್ಯಾಂಪೇಜ್ (1963), ಡಿಸ್ನಿಯ ಎ ಟೈಗರ್ ವಾಕ್ಸ್. 2 ಡಿಸೆಂಬರ್ 1963ರಂದು ಹೃದಯಾಘಾತದಿಂದ ತೀರಿಕೊಂಡಾಗ ನಲವತ್ತು ತುಂಬಲು ಎರಡು ತಿಂಗಳು ಬಾಕಿ. ಡಿಸ್ನಿ ಚಿತ್ರ ಮರುವರ್ಷ ತೆರೆಕಂಡಿತು. ಹಾಲಿವುಡ್ ವಾಕ್ ಆಫ್ ಫೇಮ್‌ನಲ್ಲಿ 1960ರಿಂದ ಅವರ ಹೆಸರಿನ ನಕ್ಷತ್ರ ಇದೆ.

ಮೂರುಪಟ್ಟಿ
ಪ್ರತಿಗಳ ವಿಷಯ. ಇಲ್ಲೇ ಹೆಚ್ಚು ಜನ ಎಡವುವುದು.

ಜಂಗಲ್ ಬುಕ್ ಅಮೆರಿಕದಲ್ಲಿ ಹಕ್ಕು ಕಳೆದುಕೊಂಡ ಚಿತ್ರ, ಹಾಗಾಗಿ ಯಾರು ಬೇಕಾದರೂ ಡಿಸ್ಕ್ ಮಾಡಿ ಮಾರಿದ್ದಾರೆ. ಅಗ್ಗದ ಪ್ರತಿಗಳು ಪ್ರತಿಯ ಪ್ರತಿಯಿಂದ ಬಂದವು. ಹಸಿರು ಕಾಡು ಕಂದಾಗಿ, ಮೋಗ್ಲಿಯ ಮುಖ ಗುಲಾಬಿಯಾಗಿ ಕಂಡರೆ ಅದು ಮುಂದೆ ಈಸ್ಟ್‌ಮನ್ ಫಿಲಂಗೆ ಇಳಿಸಿದ ಪ್ರಿಂಟು ಅಂತ ತಿಳಿಯಿರಿ. ಆ ಫಿಲಂನಲ್ಲಿ ನೀಲಿ-ಹಸಿರು ಬಣ್ಣ ಬೇಗ ಮಾಸುತ್ತದೆ, ಕೆಂಪು ಉಳಿಯುತ್ತದೆ. ಮೂಲ ಟೆಕ್ನಿಕಲರ್ ಪ್ರಿಂಟಿನಲ್ಲಿ ಬಣ್ಣವನ್ನು ಒತ್ತಿ ಇಳಿಸಿರುವುದರಿಂದ ಅದು ಹಾಗೆ ಮಾಸುವುದಿಲ್ಲ. ಮುಖದ ಅಂಚಿಗೆ ಕೆಂಪೋ ಹಸಿರೋ ನೆರಳು ಹತ್ತಿದ್ದರೆ ಮೂರು ನೆಗೆಟಿವ್‌ಗಳು ಸರಿಯಾಗಿ ಕೂತಿಲ್ಲ ಅಂತ ಅರ್ಥ, ಪಟ್ಟಿಗಳು ಬೇರೆಬೇರೆ ಪ್ರಮಾಣದಲ್ಲಿ ಕುಗ್ಗಿದಾಗ ಹೀಗಾಗುತ್ತದೆ. ಡಿಸ್ಕ್ ಕಂಪನಿ ಕ್ರೈಟೀರಿಯನ್‌ನ ಎಕ್ಲಿಪ್ಸ್ ಸರಣಿಯ ಸಾಬು ಸಂಪುಟದಲ್ಲಿ ಎಲಿಫೆಂಟ್ ಬಾಯ್, ದಿ ಡ್ರಮ್, ಜಂಗಲ್ ಬುಕ್ ಮೂರೂ ಇವೆ.

ಉದ್ದ ನೋಡಿ ಕತ್ತರಿಸಿದ್ದಾರೆ ಅಂತ ಅವಸರದ ತೀರ್ಮಾನ ಬೇಡ. ಥೀಫ್ ಆಫ್ ಬಾಗ್ದಾದ್ 106 ನಿಮಿಷ. ಯುರೋಪಿನ ಹಳೆಯ ಡಿವಿಡಿಗಳಲ್ಲಿ 24ರ ಬದಲು ಸೆಕೆಂಡಿಗೆ 25 ಚೌಕಟ್ಟು ಓಡುವುದರಿಂದ ಅದು 102ಕ್ಕೆ ಮುಗಿಯುತ್ತದೆ. ಏನೂ ಕತ್ತರಿಸಿರುವುದಿಲ್ಲ, ಧ್ವನಿ ಮಾತ್ರ ಒಂದಿಷ್ಟು ತೆಳ್ಳಗಾಗಿರುತ್ತದೆ. ದಿ ಡ್ರಮ್ ಹಾಗಲ್ಲ. 104 ನಿಮಿಷದ ಬದಲು 96 ನಿಮಿಷದ ರೂಪವೂ ಚಲಾವಣೆಯಲ್ಲಿದೆ, ಅಮೆರಿಕದಲ್ಲಿ ಡ್ರಮ್ಸ್ ಎಂಬ ಹೆಸರಿತ್ತು. ಇಷ್ಟು ವ್ಯತ್ಯಾಸ ವೇಗದಿಂದ ಬರುವುದಿಲ್ಲ.

ಹಳೇ_ಟಾಕೀಸು
ಹಕ್ಕಿನ ಬಗ್ಗೆ: ಭಾರತದ ಕಾಯಿದೆಯಲ್ಲಿ ಚಲನಚಿತ್ರಕ್ಕೆ ಬಿಡುಗಡೆಯ ಮುಂದಿನ ವರ್ಷದಿಂದ 60 ವರ್ಷ. 1937ರ ಚಿತ್ರ, 1947ರ ಚಿತ್ರ ಎರಡೂ ಅದನ್ನು ದಾಟಿವೆ. ಆದರೆ ಸಂಗೀತಕ್ಕೆ ಲೆಕ್ಕ ಬೇರೆ, ಸಂಯೋಜಕ ತೀರಿಕೊಂಡ ಮೇಲೆ 60 ವರ್ಷ. ಥೀಫ್ ಆಫ್ ಬಾಗ್ದಾದ್, ಜಂಗಲ್ ಬುಕ್ ಎರಡಕ್ಕೂ ಸಂಗೀತ ಕೊಟ್ಟ ಮಿಕ್ಲೋಶ್ ರೋಝಾ ತೀರಿಕೊಂಡದ್ದು 1995ರಲ್ಲಿ. ಟಿಕೆಟ್ ಇಟ್ಟು ತೋರಿಸುವುದಾದರೆ ಮೊದಲು ಕಾನೂನು ಬಲ್ಲವರನ್ನು ಕೇಳಿ, ಡಿಸ್ಕ್ ತಯಾರಿಸಿದವರಿಗೂ ಒಂದು ಪತ್ರ ಬರೆಯಿರಿ.

ಕಪಿಲೆ_ದಂಡೆ
ನನ್ನ ಪ್ರಕಾರ ಮೊದಲ ಸಂಜೆ ಎಲಿಫೆಂಟ್ ಬಾಯ್ ಮತ್ತು ಥೀಫ್ ಆಫ್ ಬಾಗ್ದಾದ್. ಮೊದಲನೆಯದು ಸುಮಾರು 80 ನಿಮಿಷ, ನಡುವೆ ಹದಿನೈದು ನಿಮಿಷ ವಿರಾಮ, ಮೂರೂವರೆ ಗಂಟೆಯೊಳಗೆ ಮುಗಿಯುತ್ತದೆ. ಎರಡನೇ ಸಂಜೆ ಕೋಬ್ರಾ ವುಮನ್ 71 ನಿಮಿಷ, ಆಮೇಲೆ ಬ್ಲ್ಯಾಕ್ ನಾರ್ಸಿಸಸ್ 100 ನಿಮಿಷ. ಜಂಗಲ್ ಬುಕ್ ಬಿಟ್ಟದ್ದಕ್ಕೆ ಕೆಲವರು ಬೇಸರಪಡಬಹುದು, ಆದರೆ ಅದು ಎಲ್ಲರಿಗೂ ಸುಲಭವಾಗಿ ಸಿಗುತ್ತದೆ. ಕೋಬ್ರಾ ವುಮನ್ ಮತ್ತು ಬ್ಲ್ಯಾಕ್ ನಾರ್ಸಿಸಸ್ ಬೆನ್ನಿಗೆ ಬೆನ್ನು ನೋಡಿದರೆ ಮೇಲೆ ಹೇಳಿದ ಪಾತ್ರಗಳ ಗೋಳು ಪ್ರೇಕ್ಷಕರಿಗೆ ತಾನಾಗಿ ತಿಳಿಯುತ್ತದೆ.

ರೀಲುಪೆಟ್ಟಿಗೆ
ಒಪ್ಪಿಗೆ. ನಾಲ್ಕೂ ಹಳೆಯ ಚೌಕಟ್ಟಿನವು, 1.37ಕ್ಕೆ 1. ಪ್ರೊಜೆಕ್ಟರನ್ನು 4:3ಕ್ಕೆ ಇಡಿ, 'ಪರದೆ ತುಂಬಿಸು' ಆಯ್ಕೆ ಬಂದ್ ಮಾಡಿ. ಇಲ್ಲದಿದ್ದರೆ ಮೇಲೂ ಕೆಳಗೂ ಕತ್ತರಿಸಿ ಐರಾವತದ ಮೇಲೆ ಕೂತ ಹುಡುಗನ ತಲೆಯೇ ಹೋಗುತ್ತದೆ. ಎರಡು ಬದಿಯ ಕಪ್ಪು ಪಟ್ಟಿ ಯಾಕೆ ಅಂತ ಯಾರಾದರೂ ಕೇಳಿಯೇ ಕೇಳುತ್ತಾರೆ, ಟಿಪ್ಪಣಿಯ ಕೆಳಗೆ ಒಂದು ಸಾಲು ಹಾಕಿಬಿಡಿ.